ವಿಮಾನ ದರದ ಲಗಾಮು ಯಾರ ಕೈಯಲ್ಲಿ?

ನಮ್ಮ ಓದುಗರಲ್ಲಿ ಬಹುಮಂದಿ ವಿಮಾನವನ್ನು ಅಂಗಳದಲ್ಲಿ ನಿಂತು ತಲೆಯೆತ್ತಿ ನೋಡಿದವರೇ ಹೊರತು ಒಳಗೆ ಕೂತವರಲ್ಲ. ಹೀಗಿರುವಾಗ ಅದರ ಟಿಕೆಟ್ ದರದ ಗೊಡವೆ ಸಮಾಜವಾದಿಗಳಿಗೇಕೆ ಎಂದು ಕೇಳುವವರುಂಟು. ಅಂಥವರು ಮಂಗಳೂರು, ಉಡುಪಿ ಕಡೆಯ ಮನೆಗಳಲ್ಲಿ ವಿಚಾರಿಸಲಿ. ಕೊಲ್ಲಿ ದೇಶಗಳಲ್ಲಿ ದುಡಿಯುವ ಬಡಗಿ, ಡ್ರೈವರು, ಅಡಿಗೆಯವನು ಹೆತ್ತವರ ಮುಖ ನೋಡಲು ಬರಬೇಕಾದರೆ ಅವನಿಗೆ ರೈಲಿಲ್ಲ, ಬಸ್ಸಿಲ್ಲ. ರಜೆಯ ದಿನಗಳು ಬಂದವೆಂದರೆ ದರ ಏರಿತೆಂದೇ ಲೆಕ್ಕ. ಅವನು ಬೆವರು ಸುರಿಸಿ ಉಳಿಸಿದ್ದು ಊರು ಮುಟ್ಟುವ ಮೊದಲೇ ಕಂಪೆನಿಯ ತಿಜೋರಿ ಮುಟ್ಟುತ್ತದೆ.

ಆಟೋ ಓಡಿಸುವ ಬಡವ ಮೀಟರಿಗಿಂತ ಹತ್ತು ರೂಪಾಯಿ ಹೆಚ್ಚು ಕೇಳಿದರೆ ಅದು ಅಪರಾಧ. 2025ರ ಜನವರಿಯಲ್ಲಿ ನಮ್ಮ ರಾಜ್ಯದ ಬಸ್ ದರವನ್ನು ನೂರಕ್ಕೆ 15ರಷ್ಟು ಏರಿಸಲು ಮಂತ್ರಿಮಂಡಲವೇ ಕೂತು ತೀರ್ಮಾನಿಸಬೇಕಾಯಿತು. ಜನ ಬೈದರು, ಯಾರನ್ನು ಬೈಯಬೇಕೆಂದಾದರೂ ಅವರಿಗೆ ಗೊತ್ತಿತ್ತು. ವಿಮಾನದ ಕಂಪೆನಿಗೆ ಈ ಉಪದ್ರವವಿಲ್ಲ. ಬೆಳಿಗ್ಗೆ ಒಂದು ದರ, ಸಂಜೆಗೆ ಇನ್ನೊಂದು. ಅಕ್ಕಪಕ್ಕ ಕೂತ ಇಬ್ಬರಿಗೆ ಎರಡು ದರ!

ಸರ್ಕಾರಕ್ಕೆ ಅಧಿಕಾರವಿಲ್ಲವೆಂಬ ಮಾತು ಶುದ್ಧ ಸುಳ್ಳು. 1953ರಲ್ಲಿ ಕಾಯಿದೆ ಮಾಡಿ ವಿಮಾನ ಸಂಚಾರವನ್ನು ರಾಷ್ಟ್ರದ ಸ್ವತ್ತಾಗಿಸಿದ್ದೂ ಸರ್ಕಾರವೇ, 1994ರಲ್ಲಿ ಅದೇ ಕಾಯಿದೆಯನ್ನು ರದ್ದುಗೊಳಿಸಿ ಖಾಸಗಿಯವರಿಗೆ ಬಾಗಿಲು ತೆರೆದದ್ದೂ ಸರ್ಕಾರವೇ. ಆಗಲೂ ವಿಮಾನ ನಿಯಮಾವಳಿಯ 135ನೆಯ ನಿಯಮ ಒಂದು ಮಾತನ್ನು ಹೇಳಿತ್ತು: ಸಂಚಾರದ ಖರ್ಚು ಮತ್ತು ನ್ಯಾಯವಾದ ಲಾಭವನ್ನು ಗಮನಿಸಿಯೇ ದರ ನಿಗದಿಯಾಗಬೇಕು, ದರ ಮಿತಿಮೀರಿದರೆ ವಿಮಾನಯಾನದ ಮಹಾನಿರ್ದೇಶಕರು ಆಜ್ಞೆ ಹೊರಡಿಸಬಹುದು. ನ್ಯಾಯವಾದ ಲಾಭ ಎಷ್ಟೆಂದು ಮಾತ್ರ ಯಾರೂ ಜನರಿಗೆ ಹೇಳಲಿಲ್ಲ.

ಮನಸ್ಸು ಬಂದಾಗ ಸರ್ಕಾರ ಏನು ಮಾಡಬಲ್ಲದೆಂಬುದನ್ನೂ ಕಂಡಿದ್ದೇವೆ. 2020ರ ಮೇ ತಿಂಗಳಲ್ಲಿ ವಿಮಾನಗಳು ಮತ್ತೆ ಹಾರತೊಡಗಿದಾಗ ಪ್ರತಿಯೊಂದು ಮಾರ್ಗಕ್ಕೂ ಗರಿಷ್ಠ ದರ ಗೊತ್ತಾಯಿತು, ಜೊತೆಗೆ ಕನಿಷ್ಠ ದರವೂ! ಇಷ್ಟಕ್ಕಿಂತ ಅಗ್ಗವಾಗಿ ಮಾರಕೂಡದೆಂದು ಕಂಪೆನಿಗಳ ರಕ್ಷಣೆಗೆ ನಿಂತಾಗ ಪೇಟೆಯ ಸ್ವಾತಂತ್ರ್ಯದ ಮಂತ್ರ ಯಾರಿಗೂ ನೆನಪಾಗಲಿಲ್ಲ. ಆ ಕಟ್ಟು 2022ರ ಆಗಸ್ಟ್ 31ರವರೆಗೆ ಇತ್ತು. ದೇಶವೇನೂ ಮುಳುಗಲಿಲ್ಲ.

ಮತ್ತೆ 2025ರ ಡಿಸೆಂಬರ್. ದೇಶದೊಳಗೆ ಹಾರುವ ನೂರು ಮಂದಿಯಲ್ಲಿ 60ಕ್ಕೂ ಹೆಚ್ಚು ಜನರನ್ನು ಒಯ್ಯುವ ಇಂಡಿಗೋ ಕಂಪೆನಿ ಒಂದೇ ದಿನ ಸಾವಿರಕ್ಕೂ ಮಿಕ್ಕಿ ವಿಮಾನಗಳನ್ನು ನಿಲ್ಲಿಸಿತು. ಪೈಲಟ್‌ಗಳಿಗೆ ಹೆಚ್ಚು ವಿಶ್ರಾಂತಿ ಕೊಡಬೇಕೆಂಬ ನಿಯಮ ಬಹಳ ಮೊದಲೇ ಗೊತ್ತಿದ್ದರೂ ಬೇಕಾದಷ್ಟು ಪೈಲಟ್‌ಗಳನ್ನು ಇಟ್ಟುಕೊಂಡಿರಲಿಲ್ಲ. ಉಳಿದ ಕಂಪೆನಿಗಳು ಸಿಕ್ಕಿದ್ದೇ ಸುಗ್ಗಿಯೆಂದು ದರ ಏರಿಸಿದವು. ಜನರ ಕೂಗು ದೆಹಲಿಯನ್ನು ಮುಟ್ಟಿದ ಮೇಲೆ ಡಿಸೆಂಬರ್ 6ರಂದು ಆಜ್ಞೆ ಹೊರಟಿತು: 500 ಕಿಲೋಮೀಟರಿನವರೆಗೆ 7,500 ರೂಪಾಯಿ, ಸಾವಿರದವರೆಗೆ 12,000, ಒಂದೂವರೆ ಸಾವಿರದವರೆಗೆ 15,000, ಅದಕ್ಕೂ ಮೇಲೆ 18,000. ತೆರಿಗೆ ಬೇರೆ. ಈ ಮೊತ್ತಗಳು ಬಡವನಿಗೆ ಉಪಕಾರವಲ್ಲ, ಆ ಮಾತು ಇರಲಿ. ಆಜ್ಞೆಗೆ ಎಷ್ಟು ಹೊತ್ತು ಹಿಡಿಯಿತು? ಒಂದು ಸಹಿಯಷ್ಟು.

ಅದೇ ವಾರ ಇಂಡಿಗೋಗೆ ಪೈಲಟ್‌ಗಳ ರಾತ್ರಿ ಕೆಲಸದ ನಿಯಮದಿಂದ 2026ರ ಫೆಬ್ರುವರಿ 10ರವರೆಗೆ ವಿನಾಯಿತಿ ದೊರೆಯಿತು! ತಪ್ಪು ಮಾಲೀಕನದು, ಕಳೆದದ್ದು ಕೆಲಸಗಾರನ ನಿದ್ದೆ. ವರ್ಷವಿಡೀ ದರ ಕಟ್ಟುವುದು ಸಾಧ್ಯವಿಲ್ಲವೆಂದು ವಿಮಾನಯಾನ ಮಂತ್ರಿ ರಾಮಮೋಹನ ನಾಯ್ಡು ಅವರು ಅದೇ ತಿಂಗಳು ಲೋಕಸಭೆಯಲ್ಲಿ ಹೇಳಿದರು. ಏಕೆ ಸಾಧ್ಯವಿಲ್ಲ? ಎರಡು ವರ್ಷಕ್ಕೂ ಹೆಚ್ಚು ಕಾಲ ಕಟ್ಟಿದವರು ಇವರೇ ಅಲ್ಲವೇ?

ನಮ್ಮ ಬೇಡಿಕೆ ಸ್ಪಷ್ಟ. ಪ್ರತಿಯೊಂದು ಮಾರ್ಗಕ್ಕೂ ವರ್ಷವಿಡೀ ಗರಿಷ್ಠ ದರ ಗೊತ್ತಾಗಲಿ; ಕೊಲ್ಲಿಗೆ ಹಾರುವ ನಮ್ಮ ದೇಶದ ಕಂಪೆನಿಗಳಿಗೂ ಅದು ಅನ್ವಯಿಸಲಿ. ಮಾರ್ಗವಾರು ಖರ್ಚಿನ ಲೆಕ್ಕವನ್ನು ಸಂಸತ್ತಿನ ಮುಂದೆ ಇಡಲಿ. ಈ ಲೆಕ್ಕ ಕೇಳಲು ನಮ್ಮ ಕರಾವಳಿಯ ಲೋಕಸಭಾ ಸದಸ್ಯರು ಮುಂದಿನ ಅಧಿವೇಶನದಲ್ಲಿ ಎದ್ದು ನಿಲ್ಲುವರೇ?