ರಾಣಿಯ ಹಿಂದೆ ನಿಂತಿದ್ದ ಕ್ಯಾಂಡಿ

1954ರ ಏಪ್ರಿಲ್‌ನಲ್ಲಿ ಎರಡನೇ ಎಲಿಜಬೆತ್ ಸಿಲೋನಿಗೆ (ಇಂದಿನ ಶ್ರೀಲಂಕಾ) ಬಂದಾಗ, ಸುದ್ದಿಚಿತ್ರದ ಕ್ಯಾಮೆರಾಗಳು ಪೊಲೊನ್ನರುವದ ಅವಶೇಷಗಳಿಂದ ಕ್ಯಾಂಡಿಯ ಬುದ್ಧನ ದಂತಧಾತು ದೇಗುಲದವರೆಗೆ ಅವರನ್ನು ಹಿಂಬಾಲಿಸಿದವು. ಇಂಥ ರೀಲುಗಳನ್ನು ಈಗಲೂ ಬಹುಮಟ್ಟಿಗೆ ರಾಜಮನೆತನದ ಹೆಸರಿನಲ್ಲೇ ಹುಡುಕಬೇಕು. ಅವುಗಳನ್ನು ಮೊದಲು ಆ ಸ್ಥಳದ ದಾಖಲೆಯೆಂದು, ಆಮೇಲೆ ರಾಣಿಯ ಪ್ರವಾಸದ ದಾಖಲೆಯೆಂದು ಗುರುತಿಸಬೇಕು ಎಂಬುದು ನನ್ನ ವಾದ. ಕಾರಣ ಸರಳ. 1998ರ ಜನವರಿ 25ರಂದು ಲಾರಿ ಬಾಂಬ್ ಸ್ಫೋಟಿಸಿ ದಂತಧಾತು ದೇಗುಲದ ಮುಂಭಾಗಕ್ಕೆ ಭಾರಿ ಹಾನಿಯಾಯಿತು. ಇಂದು ನಾವು ನೋಡುವುದು ಜೀರ್ಣೋದ್ಧಾರವಾದ ರೂಪ. ಆ ಸ್ಫೋಟಕ್ಕೂ 44 ವರ್ಷ ಮೊದಲಿನ ಚಿತ್ರದಲ್ಲಿ ರಾಣಿಯ ಹೆಗಲಾಚೆ ಕಾಣುವ ಗೋಡೆ, ಮೆಟ್ಟಿಲು, ಅಂಗಳದಲ್ಲಿ ಜನ ನಿಂತ ರೀತಿ ಇವೆಲ್ಲ ಮತ್ತೆ ಸಿಗದ ಸಾಕ್ಷ್ಯ. ಸ್ಥಿರಚಿತ್ರಗಳು ಕಟ್ಟಡವನ್ನು ಇನ್ನೂ ಸ್ಪಷ್ಟವಾಗಿ ತೋರಿಸಬಲ್ಲವು, ನಿಜ. ಆದರೆ ಭಕ್ತರ ನಡಿಗೆ, ಡೋಲು ಬಡಿಯುವ ಕೈಯ ಬೀಸು, ಆನೆ ಬಂದಾಗ ಗುಂಪು ಸರಿದು ದಾರಿ ಬಿಡುವ ಬಗೆ ಸ್ಥಿರಚಿತ್ರದಲ್ಲಿ ಉಳಿಯುವುದಿಲ್ಲ.

ಅತಿಥಿಗಾಗಿ ಸಜ್ಜುಮಾಡಿದ ದೃಶ್ಯವನ್ನು ಇತಿಹಾಸವೆಂದು ಹೇಗೆ ನಂಬುವುದು ಎಂಬ ಆಕ್ಷೇಪ ಗಟ್ಟಿಯಾದದ್ದು. ಕ್ಯಾಂಡಿಯ ವಾರ್ಷಿಕ ಮೆರವಣಿಗೆಯ ಉತ್ಸವವಾದ ಎಸಳ ಪೆರಹೆರ ನಡೆಯುವುದು ಜುಲೈ–ಆಗಸ್ಟ್‌ನಲ್ಲಿ. ರಾಣಿ ಏಪ್ರಿಲ್‌ನಲ್ಲಿ ಕಂಡದ್ದು ಅವರಿಗೆಂದೇ ಹೊರಡಿಸಿದ ರಾಜ ಪೆರಹೆರ. 1922ರ ಮಾರ್ಚ್‌ನಲ್ಲಿ ಯುವರಾಜ ಎಡ್ವರ್ಡ್ ಬಂದಾಗಲೂ ಹೀಗೇ ಆಗಿತ್ತು. ಆ ರಾತ್ರಿಯ ಜನಜಂಗುಳಿಯಲ್ಲಿದ್ದ ಡಿ. ಎಚ್. ಲಾರೆನ್ಸ್ ಅದನ್ನೇ ವಸ್ತುವಾಗಿಸಿ ‘ಎಲಿಫೆಂಟ್’ ಎಂಬ ಕವಿತೆ ಬರೆದರು. ದಿನಾಂಕ ನೋಡದೆ ಇಂಥ ಚಿತ್ರವನ್ನು ವಾರ್ಷಿಕ ಉತ್ಸವವೆಂದು ತೋರಿಸಿದರೆ ಅದು ಸುಳ್ಳೇ. ಹಾಗೆಂದು ಚಿತ್ರವನ್ನೇ ತಳ್ಳಿಹಾಕಬೇಕಿಲ್ಲ. ಯಾರ ಸಲುವಾಗಿ ಋತು ತಪ್ಪಿಸಿ ಆನೆಗಳನ್ನು ಸಿಂಗರಿಸಲಾಯಿತು, ಯಾರು ಆಸನದಲ್ಲಿ ಕೂತರು, ಕೊಬ್ಬರಿ ಉರಿಯುವ ಪಂಜು ಹಿಡಿದು ಯಾರು ನಡೆದರು ಎಂಬುದನ್ನು ಅದರಷ್ಟು ನೇರವಾಗಿ ಹೇಳುವ ದಾಖಲೆ ಕಡಿಮೆ. ಸಿಲೋನ್ ಸ್ವತಂತ್ರವಾಗಿ ಆರು ವರ್ಷ ಕಳೆದ ಮೇಲೂ ಈ ಏರ್ಪಾಡು ಮುಂದುವರಿಯಿತೆಂಬುದು ಯೋಚಿಸಬೇಕಾದ ಸಂಗತಿ.

ಹಕ್ಕುಸ್ವಾಮ್ಯ ಖಾಸಗಿಯವರ ಕೈಯಲ್ಲಿದೆ, ಪ್ರತಿ ಕೊಡಲು ಖರ್ಚಾಗುತ್ತದೆ ಎಂದೂ ಹೇಳಬಹುದು. ಆದರೆ ವಿವರಪಟ್ಟಿ ತಿದ್ದಲು ಅದಾವುದೂ ಅಡ್ಡಿಯಲ್ಲ. ಸುದ್ದಿಚಿತ್ರ ಸಂಸ್ಥೆ ಬ್ರಿಟಿಷ್ ಪಾಥೆ 2014ರಲ್ಲಿ ಸುಮಾರು 85,000 ಚಿತ್ರಗಳನ್ನು ಯೂಟ್ಯೂಬಿಗೆ ಹಾಕಿತು. ನೋಡುವುದಕ್ಕಂತೂ ಈಗ ದಾರಿಯಿದೆ. ಪೆರಹೆರದ ಡೋಲು, ನೃತ್ಯದ ಸೇವೆಯನ್ನು ವಂಶಪಾರಂಪರ್ಯವಾಗಿ ನಡೆಸಿಕೊಂಡು ಬಂದ ಮನೆತನಗಳು ಕ್ಯಾಂಡಿಯ ಸುತ್ತಮುತ್ತ ಇವೆ. ಅವರನ್ನು ಕೂರಿಸಿಕೊಂಡು ಈ ರೀಲುಗಳನ್ನು ನಿಧಾನವಾಗಿ ಓಡಿಸಿ, ವಾದ್ಯ ಯಾವುದು, ಉಡುಪು ಯಾರದು, ಕುಣಿತ ಯಾವ ಊರಿನದು ಎಂದು ಕೇಳಿ ಬರೆದುಕೊಳ್ಳುವ ಕೆಲಸ ಹಿರಿಯರು ಇರುವಾಗಲೇ ಆಗಬೇಕು.