ತೆರಿಗೆಗೆ ಕಲಾವಿದ, ರಾಯಧನಕ್ಕೆ ಯಾರೂ ಅಲ್ಲ

ಯಮುನೆಯಾಚೆಯ ಲಕ್ಷ್ಮೀ ನಗರವೆಂದೊಡನೆ ದೆಹಲಿ ಕನ್ನಡಿಗರಿಗೆ ಚಾರ್ಟರ್ಡ್ ಅಕೌಂಟೆಂಟ್ ಪರೀಕ್ಷೆಯ ತರಬೇತಿ ಕೇಂದ್ರಗಳು ನೆನಪಾಗುತ್ತವೆ. ಅದೇ ಗಲ್ಲಿಗಳ ಬಾಡಿಗೆ ಕೋಣೆಗಳಲ್ಲಿ ಸಾಕ್ಷ್ಯಚಿತ್ರಗಳನ್ನು ಸಂಕಲಿಸುತ್ತ ಕುಳಿತ ತರುಣ ತರುಣಿಯರೂ ಇದ್ದಾರೆ; ಅವರಲ್ಲಿ ನಮ್ಮವರೂ ಉಂಟು. "ಅದೂ ಒಂದು ಉದ್ಯೋಗವೇ?" ಎಂದು ಮದುವೆಮನೆಗಳಲ್ಲಿ ಅವರನ್ನು ಕೆಣಕುವ ಹಿರಿಯರಿಗೆ ಉತ್ತರ ಕೊಡಬೇಕಾಗಿದೆ.

ಕಥಾಚಿತ್ರದ ಸಂಕಲನಕಾರನ ಕೈಯಲ್ಲಿ ಚಿತ್ರಕಥೆಯಾದರೂ ಇರುತ್ತದೆ. ಸಾಕ್ಷ್ಯಚಿತ್ರದವನ ಮುಂದಿರುವುದು ಹತ್ತಾರು ಗಂಟೆಗಳ ಅಸಂಬದ್ಧ ದೃಶ್ಯರಾಶಿ. ರೈತನ ಯಾವ ಮಾತು ಉಳಿಯಬೇಕು, ಅವನ ಮೌನ ಎಷ್ಟು ಹೊತ್ತು ತೆರೆಯ ಮೇಲೆ ನಿಲ್ಲಬೇಕು, ಅಧಿಕಾರಿಯ ಆಶ್ವಾಸನೆಯ ಬೆನ್ನಿಗೇ ಬತ್ತಿದ ಕೊಳಾಯಿಯನ್ನು ತೋರಿಸಬೇಕೇ ಎಂಬುದೆಲ್ಲ ನಿರ್ಧಾರವಾಗುವುದು ಅವನ ಮೇಜಿನ ಮೇಲೆ. ಇದು ಬರವಣಿಗೆಯಲ್ಲದೆ ಮತ್ತೇನು?

ಕಾನೂನು ಹಾಗೆ ತಿಳಿಯುವುದಿಲ್ಲ. 1957ರ ಕೃತಿಸ್ವಾಮ್ಯ ಕಾಯಿದೆಯ ಪ್ರಕಾರ ಚಲನಚಿತ್ರದ ಕರ್ತೃ ನಿರ್ಮಾಪಕ. 2012ರ ತಿದ್ದುಪಡಿ ಗೀತರಚನಕಾರರ, ಸಂಗೀತ ಸಂಯೋಜಕರ ರಾಯಧನದ ಹಕ್ಕನ್ನು ಭದ್ರಪಡಿಸಿತು, ಸಂಕಲನಕಾರನನ್ನು ಮರೆಯಿತು. ಆದರೆ 1962ರ ಆದಾಯ ತೆರಿಗೆ ನಿಯಮಾವಳಿ ಮರೆಯಲಿಲ್ಲ! ಲೆಕ್ಕಪತ್ರ ಇಡಬೇಕಾದ 'ಚಲನಚಿತ್ರ ಕಲಾವಿದ'ರ ಪಟ್ಟಿಯಲ್ಲಿ ನಟ, ಛಾಯಾಗ್ರಾಹಕರ ಸಾಲಿನಲ್ಲೇ ಅವನನ್ನೂ ಕೂರಿಸಿತು. ಕೇಂದ್ರ ಸರ್ಕಾರದ ಕಡತಗಳ ನಡುವೆ ಆಯುಷ್ಯ ಸವೆಸಿದ ನನಗೆ ಈ ಜಾಣ್ಮೆ ಅಪರಿಚಿತವಲ್ಲ. ವಸೂಲಿಯ ವೇಳೆ ಕಲಾವಿದ, ಹಂಚಿಕೆಯ ವೇಳೆ ಕೂಲಿಯಾಳು.

1948ರಲ್ಲಿ ಆರಂಭವಾದ ಫಿಲ್ಮ್ಸ್ ಡಿವಿಷನ್ನಿನಲ್ಲಿ ಸಂಕಲನಕಾರನಿಗೆ ಸಂಬಳದ ಹುದ್ದೆಯಾದರೂ ಇತ್ತು. 2022ರಲ್ಲಿ ಅದು ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದಲ್ಲಿ ವಿಲೀನವಾಯಿತು. ಇಂದಿನ 'ಸ್ವತಂತ್ರ' ಸಂಕಲನಕಾರನಿಗೆ ಭವಿಷ್ಯನಿಧಿಯಿಲ್ಲ, ಪಿಂಚಣಿಯಿಲ್ಲ; ಒಂದು ಚಿತ್ರ ಮುಗಿದು ಇನ್ನೊಂದು ಸಿಗುವವರೆಗೆ ಬಾಡಿಗೆಯ ಚಿಂತೆ. ಸಾಲದ್ದಕ್ಕೆ ಇಲಾಖೆಗಳು ಚಿತ್ರವನ್ನೂ ಕುರ್ಚಿ ಮೇಜುಗಳಂತೆ ಕನಿಷ್ಠ ದರದ ಟೆಂಡರಿಗೆ ಹಾಕಿದರೆ, ಮೊದಲು ಕತ್ತರಿ ಬೀಳುವುದು ಕತ್ತರಿ ಹಿಡಿದವನ ಸಂಭಾವನೆಗೇ.

ಸರ್ಕಾರವನ್ನು ಬಯ್ಯುವುದು ಸುಲಭ, ನಾವೇನು ಕಡಿಮೆಯೇ? 1995ರ 'ಬಾಂಬೆ' ಚಿತ್ರದ ಸಂಕಲನಕ್ಕೆ ರಾಷ್ಟ್ರಪ್ರಶಸ್ತಿ ಪಡೆದ ಸುರೇಶ್ ಅರಸ್ ಅವರಿಗೆ, 2022ನೇ ಸಾಲಿನ ನಾನ್‌ಫೀಚರ್ ವಿಭಾಗದಲ್ಲಿ ಕನ್ನಡದ 'ಮಧ್ಯಂತರ'ಕ್ಕಾಗಿ ಮತ್ತೊಮ್ಮೆ ಆ ಗೌರವ ಸಂದಿತು. ಅದು ಸಾಕ್ಷ್ಯಚಿತ್ರವಲ್ಲ, ಕಿರು ಕಥಾಚಿತ್ರ, ನಿಜ. ಆದರೂ ಪ್ರಶಸ್ತಿ ಪ್ರದಾನವಾಗುವ ಊರಿನಲ್ಲೇ ಇರುವ ನಮ್ಮಲ್ಲಿ ಎಷ್ಟು ಮಂದಿ ಅವರನ್ನು ಕರೆದು ಒಂದು ಹಾರ ಹಾಕುವ ಯೋಚನೆ ಮಾಡಿದೆವು? ನಾಯಕನಟ ಬಂದಿದ್ದರೆ ಸಭಾಂಗಣ ಸಾಲುತ್ತಿರಲಿಲ್ಲ.

ಹೊರನಾಡ ಸಂಘಗಳು ಈಗ ಹಿರಿಯರ ನೆನಪುಗಳನ್ನು ಚಿತ್ರೀಕರಿಸುವ ಉತ್ಸಾಹದಲ್ಲಿವೆ. ಸ್ತುತ್ಯ ಕಾರ್ಯ. ಆದರೆ "ನಮ್ಮ ಹುಡುಗನೇ, ಕನ್ನಡಸೇವೆ ಎಂದು ಮಾಡಿಕೊಡುತ್ತಾನೆ" ಎಂಬ ಮಾತು ನಿಲ್ಲಬೇಕು. ಲಿಖಿತ ಒಪ್ಪಂದ, ಅರ್ಧ ಮುಂಗಡ, ತೆರೆಯ ಮೇಲೆ ಪ್ರತ್ಯೇಕವಾಗಿ ಹೆಸರು: ಇಷ್ಟನ್ನು ನಮ್ಮ ಕಾರ್ಯಕಾರಿ ಸಮಿತಿಯ ಮುಂದಿನ ಸಭೆಯಲ್ಲಿ ಮಂಡಿಸುವವನಿದ್ದೇನೆ. ನಿಧಿಯಿಲ್ಲವೆಂಬ ಉತ್ತರ ಬಂದರೆ, ಕಳೆದ ರಾಜ್ಯೋತ್ಸವದ ಭೋಜನದ ಲೆಕ್ಕವನ್ನೂ ಕೇಳುವವನಿದ್ದೇನೆ.