ಮಿಲಾನಿನ ಮಿಠಾಯಿ ಅಂಗಡಿಯ ಹುಡುಗಿ ಮತ್ತು ನಮ್ಮ ಮನೆಯ ತೀರ್ಪುಗಾರರು

ಸೌಂದರ್ಯ ಸ್ಪರ್ಧೆಯು ಬಡ ಮನೆಯ ಹೆಣ್ಣುಮಗಳಿಗೆ ತೆರೆದ ಬಾಗಿಲು ಎಂಬ ವಾದವನ್ನು ಈಚೆಗೆ ನಮ್ಮವರ ಬಾಯಲ್ಲಿಯೂ ಕೇಳುತ್ತಿದ್ದೇವೆ. ಮದುವೆಯ ಮನೆಯೊಂದರಲ್ಲಿ ಓದಿಕೊಂಡ ಬಂಧುವೊಬ್ಬರು ಇಟಲಿಯ ಲೂಚಿಯಾ ಬೊಸೆಯ ಹೆಸರನ್ನೆತ್ತಿ ನಮ್ಮ ಬಾಯಿ ಮುಚ್ಚಿಸಲು ನೋಡಿದರು. ಮಿಲಾನ್ ನಗರದ ಮಿಠಾಯಿ ಅಂಗಡಿಯಲ್ಲಿ ದುಡಿಯುತ್ತಿದ್ದ ಹದಿನಾರರ ಹುಡುಗಿ ಕಿರೀಟ ಧರಿಸಿ ಚಿತ್ರರಂಗದ ರಾಣಿಯಾದಳು, ನೀವು ಮಾತ್ರ ಹೆಣ್ಣುಮಕ್ಕಳನ್ನು ಕೂಡಿಹಾಕಿ ಕುಳಿತಿದ್ದೀರಿ ಎಂದರು. ಆ ಹೊತ್ತಿಗೆ ನಾವು ಸುಮ್ಮನಾದೆವು. ಊಟದ ಪಂಕ್ತಿಯಲ್ಲಿ ವಾದ ಬೆಳೆಸುವುದು ಶೋಭಿಸುವುದಿಲ್ಲ. ಆದರೆ ಉತ್ತರ ಬಾಕಿ ಉಳಿದಿದೆ.

ಬಂಧುಗಳು ಹೇಳಿದ್ದರಲ್ಲಿ ಸುಳ್ಳಿಲ್ಲ. 1931ರಲ್ಲಿ ಹುಟ್ಟಿದ ಬೊಸೆ 1947ರಲ್ಲಿ ಮಿಸ್ ಇಟಲಿಯಾದಳು. ಅದೇ ವರ್ಷ ಎರಡನೆಯ ಸ್ಥಾನ ಜನ್ನಾ ಮರಿಯಾ ಕನಾಲೆಗೆ, ಮೂರನೆಯದು ಮುಂದೆ ಜಗತ್ಪ್ರಸಿದ್ಧಳಾದ ಜೀನಾ ಲೊಲೊಬ್ರಿಜಿಡಾಗೆ ದೊರೆಯಿತು. 1950ರಲ್ಲಿ ಅಂತೊನಿಯೊನಿಯ ಮೊದಲ ಕಥಾಚಿತ್ರದಲ್ಲಿ ಬೊಸೆ ಶ್ರೀಮಂತ ಉದ್ಯಮಿಯ ಹೆಂಡತಿಯಾಗಿ ನಟಿಸಿದಳು. ನಂತರ ಐದಾರು ವರ್ಷ ದೊಡ್ಡ ನಿರ್ದೇಶಕರ ಚಿತ್ರಗಳು. 1955ರಲ್ಲಿ ಸ್ಪೇನಿನ ಪ್ರಸಿದ್ಧ ಗೂಳಿಕಾಳಗದ ವೀರ ದೊಮಿಂಗಿನ್‌ನನ್ನು ವಿವಾಹವಾದಳು; ಆ ಮೇಲೆ ಚಿತ್ರರಂಗ ಬಹುತೇಕ ಮುಗಿಯಿತು. ದಾಂಪತ್ಯ ಮುರಿದ ನಂತರ, 1960ರ ದಶಕದ ಕೊನೆಯಲ್ಲಿ ಮತ್ತೆ ಪರದೆಗೆ ಬಂದಳು. ಪ್ರತಿಭೆಯಿದ್ದ ಹೆಣ್ಣು ಎಂಬುದನ್ನು ನಾವು ಅಲ್ಲಗಳೆಯುವುದಿಲ್ಲ. ನಮ್ಮ ತಕರಾರು ಆಕೆಯ ಮೇಲಲ್ಲ.

ತಕರಾರು ಇರುವುದು ಆ ಕಿರೀಟವನ್ನು ಮಾಡಿಸಿದವರ ಮೇಲೆ. ಮಿಸ್ ಇಟಲಿಯ ಮೂಲ ಯಾವುದು? 1939ರಲ್ಲಿ ದೀನೋ ವಿಲ್ಲಾನಿ ಎಂಬ ಜಾಹೀರಾತುಗಾರ ಹಲ್ಲಿನ ಪೇಸ್ಟ್ ಕಂಪನಿಯೊಂದಕ್ಕಾಗಿ ಏರ್ಪಡಿಸಿದ ಭಾವಚಿತ್ರ ಸ್ಪರ್ಧೆ. ಒಂದು ನಗೆಗೆ 5,000 ಲೀರಾ ಬಹುಮಾನ. ಯುದ್ಧ ಮುಗಿದ ಮೇಲೆ 1946ರಲ್ಲಿ ಅದೇ ಸ್ಪರ್ಧೆ ರಾಷ್ಟ್ರದ ಹೆಸರು ಹೊತ್ತು ಮರಳಿತು. ಪೇಸ್ಟ್ ಮಾರಲು ಹಲ್ಲು ಬೇಕಿತ್ತು, ಹಲ್ಲು ತೋರಿಸಲು ಹುಡುಗಿ ಬೇಕಿತ್ತು. ಇದರಲ್ಲಿ ಸ್ತ್ರೀ ವಿಮೋಚನೆ ಯಾವ ಬಾಗಿಲಿನಿಂದ ಒಳಬಂತೆಂಬುದು ನಮಗೆ ತಿಳಿಯದಾಗಿದೆ. ಆ ಕಿರೀಟವೂ ಭರವಸೆಯದ್ದಾಗಿರಲಿಲ್ಲ. 1946ರಲ್ಲಿ ಗೆದ್ದವಳು ರೊಸಾನಾ ಮಾರ್ತೀನಿ. ತಾರೆಯಾದವಳು ಅಂದು ಸೋತ ಸಿಲ್ವಾನಾ ಪಾಂಪಾನೀನಿ. 1950ರಲ್ಲಿ ಗೆದ್ದವಳು ಅನ್ನಾ ಮರಿಯಾ ಬುಲ್ಯಾರಿ. ಜಗತ್ತು ನೆನಪಿಟ್ಟುಕೊಂಡಿರುವುದು ಅಂದು ಸಮಾಧಾನದ ಪಟ್ಟಿಯೊಂದನ್ನು ಹಾಕಿಸಿಕೊಂಡು ಮನೆಗೆ ಹೋದ ಸೋಫಿಯಾಳನ್ನು. ಗೆದ್ದವರಿಗೇ ಇಷ್ಟು ಅನಿಶ್ಚಯವಾದರೆ, ಮೊದಲ ಸುತ್ತಿನಲ್ಲಿಯೇ ಹಿಂದಿರುಗಿದವರ ಗತಿಯನ್ನು ಯಾರು ಕೇಳಿದರು?

ಆ ಪ್ರಶ್ನೆಗೆ ಇಟಲಿಯ ಚಿತ್ರರಂಗವೇ ಉತ್ತರ ಕೊಟ್ಟಿದೆ, ಅದೂ ಬೊಸೆ ನಟಿಸಿದ ಚಿತ್ರದಲ್ಲಿ. 1951ರ ಜನವರಿಯಲ್ಲಿ ರೋಮಿನ ಸಾವೋಯಾ ಬೀದಿಯ ಕಟ್ಟಡವೊಂದಕ್ಕೆ ಸುಮಾರು 200 ಹೆಣ್ಣುಮಕ್ಕಳು ಬಂದರು. ಪತ್ರಿಕೆಯಲ್ಲಿ ಟೈಪಿಸ್ಟ್ ಹುದ್ದೆಯ ಜಾಹೀರಾತು ಇತ್ತು, ಹುದ್ದೆ ಒಂದೇ. ಅವರು ಮೆಟ್ಟಿಲುಗಳ ಮೇಲೆ ಒಬ್ಬರಿಗೊಬ್ಬರು ಒತ್ತಿ ನಿಂತರು. ಭಾರ ತಾಳದೆ ಮೆಟ್ಟಿಲು ಕುಸಿಯಿತು. ಒಬ್ಬಳು ಸತ್ತಳು, ಹತ್ತಾರು ಮಂದಿ ಗಾಯಗೊಂಡರು. ಮರುವರ್ಷ, 1952ರಲ್ಲಿ, ಜ್ಯುಸೆಪ್ಪೆ ದೆ ಸಾಂತಿಸ್ ಇದನ್ನು ‘ರೋಮಾ, ಹನ್ನೊಂದು ಗಂಟೆ’ ಎಂಬ ಚಿತ್ರವಾಗಿಸಿದಾಗ ಆ ಸಾಲಿನಲ್ಲಿ ನಿಂತ ಪಾತ್ರವೊಂದನ್ನು ಬೊಸೆ ನಿರ್ವಹಿಸಿದಳು. ಇದನ್ನು ನೆನೆದಾಗಲೆಲ್ಲ ನಮಗೆ ಒಂದೇ ವಿಚಾರ ಬರುತ್ತದೆ. ಕಿರೀಟದ ಸಾಲೂ ಟೈಪಿಸ್ಟ್ ಹುದ್ದೆಯ ಸಾಲೂ ಬೇರೆ ಬೇರೆಯಲ್ಲ. ದುಡಿಮೆ ಸಿಗದ ದೇಶದಲ್ಲಿ ಹೆಣ್ಣುಮಕ್ಕಳು ಒಂದೇ ಮೆಟ್ಟಿಲಿನ ಮೇಲೆ ನಿಂತಿದ್ದರು. ಮೇಲಕ್ಕೆ ತಲುಪಿದ ಒಬ್ಬಳ ಭಾವಚಿತ್ರ ತೋರಿಸಿ, ನೋಡಿ, ಮೆಟ್ಟಿಲು ಭದ್ರವಾಗಿದೆ ಎಂದು ಹೇಳುವುದು ವಂಚನೆ.

ಅದಕ್ಕೂ ಒಂದು ವರ್ಷ ಮೊದಲಿನ ವಿಸ್ಕೊಂತಿಯ ‘ಬೆಲ್ಲಿಸಿಮಾ’ ಚಿತ್ರ ಇನ್ನೂ ಕಟುವಾದದ್ದು. ಮನೆಮನೆಗೆ ಹೋಗಿ ಇಂಜೆಕ್ಷನ್ ಕೊಟ್ಟು ಕಾಸು ಕೂಡಿಸಿದ ತಾಯಿಯೊಬ್ಬಳು ತನ್ನ ಪುಟ್ಟ ಮಗಳನ್ನು ಸಿನಿಮಾ ಸ್ಪರ್ಧೆಗೆ ಒಯ್ಯುತ್ತಾಳೆ. ಉಡುಪು, ನೃತ್ಯಪಾಠ, ಫೋಟೊ, ಮಧ್ಯವರ್ತಿಯ ಲಂಚ ಎಂದು ಉಳಿತಾಯವೆಲ್ಲ ಕರಗುತ್ತದೆ. ಕೊನೆಗೆ ಕತ್ತಲ ಕೋಣೆಯಲ್ಲಿ ಮಗಳ ಅಳುವ ಮುಖ ಪರದೆಯ ಮೇಲೆ ಬಂದಾಗ ದೊಡ್ಡವರೆಲ್ಲ ಬಿದ್ದು ಬಿದ್ದು ನಗುವುದನ್ನು ತಾಯಿ ಮರೆಯಿಂದ ಕಾಣುತ್ತಾಳೆ. ಒಪ್ಪಂದದ ಕಾಗದ ಮನೆಬಾಗಿಲಿಗೆ ಬಂದರೂ ಅವಳು ಸಹಿ ಹಾಕುವುದಿಲ್ಲ. ಅದೇ ಚಿತ್ರದ ಸಂಕಲನ ಕೋಣೆಯಲ್ಲಿ ಫಿಲ್ಮು ಅಂಟಿಸುತ್ತ ಕುಳಿತ ಯುವತಿಯೊಬ್ಬಳಿದ್ದಾಳೆ: ಲಿಲಿಯಾನಾ ಮಾಂಚಿನಿ. 1948ರ ಚಿತ್ರವೊಂದರಲ್ಲಿ ನಟಿಸಿದ್ದವಳು; ಆ ಮುಖದ ಅಗತ್ಯ ತೀರಿದ ಮೇಲೆ ಕೈಬಿಡಲ್ಪಟ್ಟವಳು. ಅವಳು ಅಲ್ಲಿ ತನ್ನ ಕಥೆಯನ್ನು ತಾನೇ ಹೇಳಿಕೊಳ್ಳುತ್ತಾಳೆ. ಸಿನಿಮಾವನ್ನು ಹೊಗಳುವ ನಮ್ಮ ಬಂಧುಗಳು ಸಿನಿಮಾದ ಈ ಸಾಕ್ಷ್ಯವನ್ನಾದರೂ ನೋಡಬೇಕಿತ್ತು.

ಕಿರೀಟದ ಮೆರವಣಿಗೆ ನಮ್ಮ ರಾಜ್ಯಕ್ಕೂ ಬಂದದ್ದುಂಟು. 1996ರ ನವೆಂಬರ್ 23ರಂದು ಬೆಂಗಳೂರಿನ ಚಿನ್ನಸ್ವಾಮಿ ಕ್ರೀಡಾಂಗಣದಲ್ಲಿ ವಿಶ್ವಸುಂದರಿ ಸ್ಪರ್ಧೆ ನಡೆಯಿತು. ಜೆ. ಎಚ್. ಪಟೇಲರ ಸರಕಾರ ಬೆಂಬಲಕ್ಕೆ ನಿಂತಿತ್ತು, ಪ್ರೊ. ನಂಜುಂಡಸ್ವಾಮಿಯವರ ರೈತರು, ಮಹಿಳಾ ಸಂಘಟನೆಗಳು ವಿರೋಧಿಸಿದ್ದವು. ಈಜುಡುಗೆಯ ಸುತ್ತನ್ನು ಸೆಶೆಲ್ಸ್ ದ್ವೀಪಕ್ಕೆ ಸಾಗಿಸಲಾಯಿತು, ನಾಚಿಕೆ ಇರುವುದು ನೆಲದಲ್ಲಿ, ನೋಟದಲ್ಲಿ ಅಲ್ಲವೆಂಬಂತೆ. ಮದುರೆಯಲ್ಲಿ ಯುವಕನೊಬ್ಬ ಪ್ರತಿಭಟಿಸಿ ಬೆಂಕಿ ಹಚ್ಚಿಕೊಂಡು ಸತ್ತ. ಅಲ್ಲಾಹನು ಕೊಟ್ಟ ಪ್ರಾಣವನ್ನು ಹೀಗೆ ಕಳೆದುಕೊಳ್ಳುವುದನ್ನು ನಾವು ಒಪ್ಪಲಾರೆವು. ಹೆಣ್ಣಿನ ಮರ್ಯಾದೆಗಾಗಿ ಗಂಡಸು ಸತ್ತುಬೀಳುವುದರಿಂದ ಒಬ್ಬ ಹೆಣ್ಣುಮಗಳಿಗೂ ವಿದ್ಯೆ ಬರುವುದಿಲ್ಲ. 1966ರಲ್ಲಿ ಇದೇ ಕಿರೀಟ ಗೆದ್ದ ರೀಟಾ ಫಾರಿಯಾ ವೈದ್ಯ ವಿದ್ಯಾರ್ಥಿನಿ. ಒಂದು ವರ್ಷದ ಕರಾರು ಮುಗಿಸಿ, ಸಿನಿಮಾವನ್ನು ನಿರಾಕರಿಸಿ, ಓದಿಗೆ ಮರಳಿ ಡಾಕ್ಟರಾದಳು. ಅವಳ ಕೈಯಲ್ಲಿ ಕಿರೀಟಕ್ಕಿಂತ ಮೊದಲೇ ಪುಸ್ತಕವಿತ್ತು. ಮಿಲಾನಿನ ಹುಡುಗಿಯ ಕೈಯಲ್ಲಿ ಮಿಠಾಯಿಯ ತಟ್ಟೆಯಿತ್ತು. ವ್ಯತ್ಯಾಸ ಅಲ್ಲಿದೆ.

ಇಲ್ಲಿಯವರೆಗೆ ಓದಿ ತಲೆದೂಗಿದ ತಂದೆಯಂದಿರು ಸ್ವಲ್ಪ ನಿಲ್ಲಬೇಕು. ಮುಂದಿನ ಮಾತು ನಿಮಗೆ.

1953ರಲ್ಲಿ ಬೊಸೆ ನಟಿಸಿದ ‘ಕಮೆಲಿಯಾ ಹೂಗಳಿಲ್ಲದ ಮಹಿಳೆ’ ಚಿತ್ರದಲ್ಲಿ ಅಂಗಡಿಯ ಹುಡುಗಿಯೊಬ್ಬಳು ತಾರೆಯಾಗುತ್ತಾಳೆ. ಅವಳ ರೂಪವನ್ನು ಮಾರಿದ ನಿರ್ಮಾಪಕನೇ ಅವಳನ್ನು ಮದುವೆಯಾಗುತ್ತಾನೆ; ಆದ ಮರುಕ್ಷಣ ಮರ್ಯಾದೆಯ ನೆನಪಾಗಿ, ಅವಳು ಏನು ಮಾಡಬೇಕು, ಏನು ಮಾಡಬಾರದು ಎಂದು ತಾನೇ ನಿರ್ಧರಿಸುತ್ತಾನೆ. ಮಾರಿದವನೂ ಕೂಡಿಹಾಕಿದವನೂ ಒಬ್ಬನೇ ಗಂಡಸು. ಅವಳನ್ನು ಕೇಳಿದವರು ಯಾರೂ ಇಲ್ಲ.

ಕಳೆದ ಚಳಿಗಾಲದಲ್ಲಿ ನಮ್ಮ ಓಣಿಯ ಹೆಣ್ಣುಮಗಳೊಬ್ಬಳಿಗೆ ಕಾಲೇಜಿನ ಗ್ಯಾದರಿಂಗಿನಲ್ಲಿ ಫ್ಯಾಷನ್ ಶೋಗೆ ನಿಲ್ಲಲು ಗೆಳತಿಯರು ಒತ್ತಾಯಿಸಿದರು. ಆಕೆ ಒಲ್ಲೆನೆಂದಳು, ಮನೆಗೆ ಬಂದು, ಮುಚ್ಚುಮರೆಯಿಲ್ಲದೆ, ನಡೆದದ್ದನ್ನು ತಾಯಿಗೆ ಹೇಳಿದಳು. ತನ್ನ ಲಜ್ಜೆಯನ್ನು ತಾನೇ ಕಾಪಾಡಿಕೊಂಡ ಮಗಳಿಗೆ ಆ ಮನೆ ಕೊಟ್ಟ ಬಹುಮಾನವೇನು? ಕಾಲೇಜು ಬಿಡಿಸಿದರು. ತಿಂಗಳೊಳಗೆ ಹೆಣ್ಣು ನೋಡಲು ಜನ ಬಂದರು. ಚಹಾದ ತಟ್ಟೆ ಹಿಡಿಸಿ ನಡೆಸಿದರು, ನಡಿಗೆ ನೋಡಿದರು, ಬಣ್ಣ ನೋಡಿದರು, ಎತ್ತರ ಕೇಳಿದರು, ಕೂದಲು ಎಷ್ಟುದ್ದವೆಂದು ವಿಚಾರಿಸಿದರು. ಆಮೇಲೆ ಬಣ್ಣ ಸ್ವಲ್ಪ ಕಡಿಮೆಯಾಯಿತೆಂದು ಹೇಳಿಕಳುಹಿಸಿದರು. ಸ್ಟ್ರೇಸಾದ ಸರೋವರದ ದಂಡೆಯಲ್ಲಿ ಮಿಸ್ ಇಟಲಿಯ ತೀರ್ಪುಗಾರರು ಇದಕ್ಕಿಂತ ಭಿನ್ನವಾಗಿ ಏನು ಮಾಡಿದರು? ಅವರು ಗೆದ್ದವಳಿಗೆ ಹಣ ಕೊಟ್ಟರು. ನಾವು ಗೆದ್ದವಳ ತಂದೆಯಿಂದ ವರದಕ್ಷಿಣೆ ಕೇಳುತ್ತೇವೆ. ಮಹ್ರ್ ಕೊಡಬೇಕಾದ ಕೈ ಚಾಚಿ ಬೇಡುತ್ತಿದೆ.

ಪವಿತ್ರ ಕುರ್‌ಆನಿನ ನೂರ್ ಅಧ್ಯಾಯದ ಮೂವತ್ತನೆಯ ಸೂಕ್ತವು ದೃಷ್ಟಿ ತಗ್ಗಿಸುವಂತೆ ಮೊದಲು ಪುರುಷರಿಗೆ ಆಜ್ಞಾಪಿಸುತ್ತದೆ. ಸ್ತ್ರೀಯರಿಗೆ ಹೇಳುವುದು ಅದರ ನಂತರದ ಸೂಕ್ತದಲ್ಲಿ. ಈ ಕ್ರಮವನ್ನು ನಮ್ಮ ಓಣಿಗಳಲ್ಲಿ ತಿರುಗಿಸಿ ಓದುವ ಅಭ್ಯಾಸ ಬೆಳೆದಿದೆ. ಸಂಗಾತಿಯ ಆಯ್ಕೆಯಲ್ಲಿ ಸಂಪತ್ತು, ಕುಲ, ರೂಪಗಳಿಗಿಂತ ಧರ್ಮನಿಷ್ಠೆಯನ್ನು ಮುಂದಿಡಬೇಕೆಂದು ಪ್ರವಾದಿವರ್ಯರು(ಸ) ಬೋಧಿಸಿದರು. ಹ. ಖದೀಜಾ(ರ) ವ್ಯಾಪಾರ ನಡೆಸಿದವರು. ಹ. ಹಫ್ಸಾ(ರ)ರಿಗೆ ಬರವಣಿಗೆ ಕಲಿಸಿದವರು ಶಿಫಾ ಬಿಂತ್ ಅಬ್ದುಲ್ಲಾ(ರ) ಎಂಬ ಮಹಿಳೆ. ಇವೆಲ್ಲ ನಮ್ಮ ಖುತ್ಬಾಗಳಲ್ಲಿ ಕೇಳಿಬರುತ್ತವೆ, ಚಪ್ಪಲಿ ಹಾಕಿಕೊಳ್ಳುವಾಗ ಮರೆತುಹೋಗುತ್ತವೆ.

ವೇದಿಕೆ ಬೇಡವೆಂದವಳಿಗೆ ಶಾಲೆಯೂ ಬೇಡವೆನ್ನುವುದು ಯಾವ ನ್ಯಾಯ? ಹೆಣ್ಣುಮಗಳಿಗೆ ಪದವಿ, ದುಡಿಮೆ ಎರಡನ್ನೂ ಮುಚ್ಚಿದ ಮನೆಯೇ ಅವಳಿಗೆ ರೂಪವೊಂದನ್ನೇ ಬಂಡವಾಳವಾಗಿ ಉಳಿಸುತ್ತದೆ. ಆಮೇಲೆ ಕಿರೀಟದವರು ಬಂದು ಅದಕ್ಕೆ ಬೆಲೆ ಕಟ್ಟಿದರೆ ಅವರನ್ನು ಮಾತ್ರ ಬೈದು ಏನು ಪ್ರಯೋಜನ?

ಆ ಹೆಣ್ಣುಮಗಳ ತಂದೆಯೂ ಈ ಬರಹಗಳನ್ನು ಓದುವವರೇ ಎಂಬುದನ್ನು ಬಲ್ಲೆವು. ಸಹೋದರರೇ, ಪರೀಕ್ಷಾ ಶುಲ್ಕ ಕಟ್ಟಲು ಇನ್ನೂ ಹದಿನೈದು ದಿನಗಳಿವೆ. ಅವಳ ಬಸ್ ಪಾಸಿನ ಅವಧಿ ಮುಗಿದಿದೆ, ಅದನ್ನೂ ಮಾಡಿಸಬೇಕಾಗುತ್ತದೆ.